ಕಂಡಕ್ಟರ್ ಚನಬಸವ್ವನ ಟಾರ್ಟರ್ ಸಾಸ್

ಛತ್ರಪತಿ ಸಂಭಾಜಿನಗರದಿಂದ ನಾಸಿಕಕ್ಕೆ ಹೋಗುವ ಕೆಂಪು ಬಸ್ಸಿನಲ್ಲಿ ಚನಬಸವ್ವ ಬಹಳ ವರ್ಷಗಳಿಂದ ಕಂಡಕ್ಟರ್. ತವರು ಬೀದರ್ ಜಿಲ್ಲೆಯ ಒಂದು ಹಳ್ಳಿ, ಮದುವೆ ಮಾಡಿ ಕೊಟ್ಟದ್ದು ಸಂಭಾಜಿನಗರಕ್ಕೆ. ಗಂಡ ವಿಶ್ವನಾಥಪ್ಪ ವಾಳೂಜಿನ ಕಾರ್ಖಾನೆಯಲ್ಲಿ ಫಿಟರ್, ಮಿತಭಾಷಿ. ಮನೆಯ ಮಾತೆಲ್ಲ ಇವಳದೇ. ಸ್ಟ್ಯಾಂಡಿನಲ್ಲಿ ನಿಂತು ‘ವೈಜಾಪುರ, ಯೇವಲಾ, ನಿಫಾಡ, ನಾಸಿಕ್’ ಎಂದು ಕೂಗಿದರೆ ಚಹಾದಂಗಡಿಯಲ್ಲಿ ಕೂತವರು ಕಪ್ಪು ಅಲ್ಲೇ ಇಟ್ಟು ಓಡಿಬರುತ್ತಿದ್ದರು. ಟವೆಲ್ ಹಾಕಿ ಸೀಟು ಹಿಡಿದವರ ಟವೆಲನ್ನು ಕಿಟಕಿಯಿಂದ ಹೊರಗೆ ತೂರುವುದಕ್ಕೂ ಅವಳು ಹೆಸರುವಾಸಿ.

ಊಟದಲ್ಲೂ ಹಾಗೆಯೇ. ಜೋಳದ ರೊಟ್ಟಿ, ಮೇಲೆ ಹಸಿಮೆಣಸಿನಕಾಯಿ ಜಜ್ಜಿದ ಖಾರ, ಮುಗಿಯಿತು. ಯೇವಲಾದಲ್ಲಿ ಬಸ್ಸು ನಿಂತಾಗ ಡ್ರೈವರುಗಳು ಅವಳ ಡಬ್ಬಿಯಿಂದ ಒಂದು ತುತ್ತು ಕೇಳಿ ತಿಂದು, ಕಣ್ಣೀರು ಒರೆಸಿಕೊಂಡು ನಗುತ್ತಿದ್ದರು.

ಅದೇ ನಾಲಿಗೆಯ ಅಂಚಿಗೆ ಒಂದು ಹುಣ್ಣು ಎದ್ದಿತು. ಮಾಯಲಿಲ್ಲ. ದಿನಾ ಬೆಳಿಗ್ಗೆ ಮಿಶ್ರಿ, ಅಂದರೆ ಸುಟ್ಟ ತಂಬಾಕಿನ ಪುಡಿ, ಹಲ್ಲಿಗೆ ಉಜ್ಜುವ ಚಟ ಅವಳಿಗೆ ಹುಡುಗಿಯಾಗಿದ್ದಾಗಿನಿಂದ ಇತ್ತು. ನಾಸಿಕದ ಡಾಕ್ಟರು ಪರೀಕ್ಷೆ ಮಾಡಿಸಿ, ಕ್ಯಾನ್ಸರ್ ಎಂದು ಹೇಳಿ, ನಾಲಿಗೆಯ ಒಂದು ಭಾಗವನ್ನು ಕತ್ತರಿಸಿ ತೆಗೆದರು. ಆಮೇಲೆ ಬಾಯಿಗೆ ವಿಕಿರಣ ಚಿಕಿತ್ಸೆ ನಡೆಯಿತು. ಜೀವ ಉಳಿಯಿತು. ಆದರೆ ಬಾಯಿಯಲ್ಲಿ ಜೊಲ್ಲು ಬತ್ತಿಹೋಯಿತು, ಮಾತು ತೊದಲಿತು. ಖಾರದ ಒಂದು ಕಣ ತಾಕಿದರೂ ಕೆಂಡ ಇಟ್ಟಂತಾಗುತ್ತಿತ್ತು.

ಆರೈಕೆಗೆಂದು ವಿಶ್ವನಾಥಪ್ಪನ ಅಕ್ಕ ಮಲ್ಲಮ್ಮ ಊರಿನಿಂದ ಬಂದಳು. ಒಳ್ಳೆಯ ಹೆಂಗಸೇ. ಆದರೆ ಮೂರು ಹೊತ್ತೂ ಗಂಜಿ ಕಾಯಿಸಿ ತಂದು ಎದುರಿಗೆ ಕೂತು, ಉಪದೇಶವನ್ನೂ ಜೊತೆಗೆ ಬಡಿಸುತ್ತಿದ್ದಳು.

“ಚನ್ನೀ, ಇನ್ನ ನಿನಗ ಗಂಜೀನೇ ಗತಿ ನೋಡು. ಬಾಯಿರುಚಿ ಬಿಟ್ಟುಬಿಡು. ಭಾಳ ಮಾತಾಡ್ತಿದ್ದಿ, ಭಾಳ ಖಾರ ತಿಂತಿದ್ದಿ. ದೇವರು ಎಲ್ಲಾ ನೋಡ್ತಾನ.”

ಚನಬಸವ್ವ ತಟ್ಟೆಯನ್ನು ಬದಿಗೆ ಸರಿಸಿದಳು. ತೊದಲುತ್ತಲೇ, ಒಂದೊಂದೇ ಪದ ಜೋಡಿಸಿ ಹೇಳಿದಳು: “ಅಕ್ಕಾ, ನಾಲಿಗಿ ಅರ್ಧಾ ಹೋಗ್ಯದ. ಮಾತು ಪೂರಾ ಅದರಿ.”

ಆದರೆ ಹಟ ಮಾಡಿದರೆ ಹೊಟ್ಟೆ ತುಂಬುವುದಿಲ್ಲ. ಒಣ ಬಾಯಿಯಲ್ಲಿ ರೊಟ್ಟಿಯ ಚೂರು ಮರಳಿನ ಹಾಗೆ ಅಂಟಿಕೊಳ್ಳುತ್ತಿತ್ತು. ಹಾಲಿನಲ್ಲಿ ನೆನೆಸಿದರೆ ಕೂಸಿನ ಊಟವೆಂದು ಅವಳಿಗೇ ಅಸಹ್ಯ. ದೇಹ ಇಳಿಯುತ್ತಾ ಬಂತು, ಕಂಡಕ್ಟರಿನ ಖಾಕಿ ಅಂಗಿ ಭುಜದಿಂದ ಜಾರುವ ಹಾಗಾಯಿತು. ಹೀಗೇ ತೂಕ ಇಳಿದರೆ ಕೆಲಸಕ್ಕೆ ಯೋಗ್ಯಳೆಂದು ಬರೆದುಕೊಡುವುದು ಸಾಧ್ಯವಿಲ್ಲ ಎಂದು ಡಾಕ್ಟರು ಸ್ಪಷ್ಟವಾಗಿ ಹೇಳಿದರು.

ತಪಾಸಣೆಗೆಂದು ನಾಸಿಕಕ್ಕೆ ಅವಳು ಮಗಳು ರೂಪಾಳ ಜೊತೆ ರೈಲಿನಲ್ಲೇ ಹೋಗುತ್ತಿದ್ದಳು. ಬಸ್ಸು ಬೇಡವೇ ಬೇಡ. “ಆ ಬಸ್ಸಿಗೆ ನಾ ಪ್ಯಾಸೆಂಜರ್ ಆಗಿ ಹತ್ತಂಗಿಲ್ಲ” ಎನ್ನುತ್ತಿದ್ದಳು. ರೂಪಾ ಕಾಲೇಜು ಓದುತ್ತಿದ್ದ ಹುಡುಗಿ. ಅವ್ವನ ಕನ್ನಡ ಪೂರ್ತಿ ತಿಳಿಯುತ್ತಿತ್ತು, ಉತ್ತರ ಮಾತ್ರ ಅರ್ಧ ಮರಾಠಿಯಲ್ಲಿ ಬರುತ್ತಿತ್ತು.

ಹಾಗೆ ಹೋದ ಒಂದು ದಿನ, ನಾಸಿಕ್ ರೋಡ್ ಸ್ಟೇಷನ್ ಹತ್ತಿರದ ಒಂದು ಸಸ್ಯಾಹಾರಿ ಹೋಟೆಲಿಗೆ ತಾಯಿ ಮಗಳು ಹೊಕ್ಕರು. ಮಾಲೀಕ ಜಯಕರ ಕುಂದಾಪುರದ ಕಡೆಯವನು. ಇವರ ಮಾತು ಕಿವಿಗೆ ಬಿದ್ದು ಗಲ್ಲಾಪೆಟ್ಟಿಗೆಯ ಬಳಿಯಿಂದ ಎದ್ದುಬಂದ.

“ಕನ್ನಡದವರಾ? ಕೂತ್ಕೊಳ್ಳಿ ಅಕ್ಕ. ಎಂತ ಕೊಡಲಿ?”

“ಅವ್ವಗ ತಿಖಟ್ ಚಲತ್ ನಾಹಿ. ಅಂದ್ರ, ಖಾರ ಆಗಂಗಿಲ್ಲರಿ,” ಎಂದಳು ರೂಪಾ. “ಒಣಾದೂ ನುಂಗ್ಲಿಕ್ಕೆ ಆಗಂಗಿಲ್ಲ.”

ಜಯಕರ ಸ್ವಲ್ಪ ಯೋಚಿಸಿ ಒಳಗೆ ಹೋದ. ಖಾರ ಹಾಕದ ಆಲೂಗಡ್ಡೆ ಕಟ್ಲೆಟ್ ಮಾಡಿಸಿ, ಪಕ್ಕದಲ್ಲಿ ಒಂದು ಬಟ್ಟಲು ಬಿಳಿ ಚಟ್ನಿಯಂಥದ್ದು ಇಟ್ಟು ತಂದ. ಚನಬಸವ್ವ ಅನುಮಾನದಿಂದಲೇ ಕಟ್ಲೆಟನ್ನು ಮುರಿದು ಅದರಲ್ಲಿ ಅದ್ದಿ ಬಾಯಿಗಿಟ್ಟುಕೊಂಡಳು. ತಣ್ಣಗಿತ್ತು. ನುಣುಪಾಗಿತ್ತು. ನಡುವೆ ಏನೋ ಚೂರು ಹಲ್ಲಿಗೆ ಸಿಕ್ಕಿ ಸಣ್ಣಗೆ ಹುಳಿ ಬಿಟ್ಟಿತು. ಆ ಹುಳಿಗೆ, ಎಷ್ಟೋ ತಿಂಗಳ ಮೇಲೆ, ಬಾಯಿಯಲ್ಲಿ ನೀರೂರಿತು. ತುತ್ತು ತಾನಾಗಿ ಜಾರಿ ಗಂಟಲಿಗೆ ಇಳಿಯಿತು. ಅವಳು ತಲೆ ಎತ್ತದೆ ಬಟ್ಟಲು ಖಾಲಿ ಮಾಡಿದಳು. ಇನ್ನೊಂದು ಬಟ್ಟಲು ಬಂತು, ಅದೂ ಹೋಯಿತು.

“ಏನ್ರೀ ಇದು?”

“ಟಾರ್ಟರ್ ಸಾಸ್ ಅಂತ. ಅಸಲಿಗೆ ಇದು ಕರಿದ ಮೀನಿಗೆ. ನಮ್ಮ ಹೋಟೆಲಲ್ಲಿ ಮೀನೆಲ್ಲಿ? ಕಟ್ಲೆಟ್ಟಿಗೆ ಕೊಡುವುದು. ಮೊಟ್ಟೆ ಹಾಕುವುದಿಲ್ಲ, ಹಾಲಲ್ಲಿ ಮಾಡಿದ್ದು.”

“ಮನ್ಯಾಗ ಮಾಡ್ಲಿಕ್ಕೆ ಬರ್ತದೇನು?”

“ಯಾಕೆ ಬರುವುದಿಲ್ಲ? ಕೇಳಿ, ಹೇಳ್ತೇನೆ.” ಜಯಕರ ಕುರ್ಚಿ ಎಳೆದು ಕೂತ. ಹಾಲು, ಅದರ ಎರಡರಷ್ಟು ವಾಸನೆಯಿಲ್ಲದ ಎಣ್ಣೆ, ಮಿಕ್ಸರಿನಲ್ಲಿ ತಿರುಗಿಸುವುದು, ಕಡೆಗೆ ಲಿಂಬೆ ರಸ. ಅದಕ್ಕೆ ವಿನೆಗರಿನಲ್ಲಿ ನೆನೆಸಿದ ಸೌತೆಕಾಯಿಯ ಸಣ್ಣ ಚೂರು, ಈರುಳ್ಳಿ, ಯಾವುದಾದರೂ ಪರಿಮಳದ ಸೊಪ್ಪು. “ಹೊರದೇಶದಲ್ಲಿ ಕೇಪರ್ ಅಂತ ಒಂದು ಮೊಗ್ಗಿನ ಉಪ್ಪಿನಕಾಯಿ ಹಾಕ್ತಾರಂತೆ. ಅದನ್ನು ಎಲ್ಲಿಂದ ತರುವುದು ಮಾರಾಯ್ರೆ? ನಾನು ಊರಿನ ಮಿಡಿಮಾವು ಕೊಚ್ಚಿ ಹಾಕ್ತೇನೆ. ಬರೀ ಉಪ್ಪುನೀರಲ್ಲಿಟ್ಟದ್ದು, ಖಾರ ಇಲ್ಲ.” ಹೊರಡುವಾಗ ಅದರದ್ದೇ ಒಂದು ಬಾಟಲಿ ಅವಳ ಚೀಲದಲ್ಲಿಟ್ಟ.

ಮನೆಗೆ ಬಂದು ಮಿಕ್ಸರ್ ಇಳಿಸಿದಾಗ ಮಲ್ಲಮ್ಮ ಅಡುಗೆಮನೆಯ ಬಾಗಿಲಲ್ಲಿ ನಿಂತಳು. ಜಯಕರ ಹೇಳಿದ್ದನ್ನು ಮೀನಿನ ಮಾತೂ ಸೇರಿಸಿ ಒಪ್ಪಿಸುತ್ತಿದ್ದ ರೂಪಾಳ ಬಾಯಿಂದ ‘ಮೇಯೋ’, ಅಂದರೆ ಸಾಸಿಗೆ ಬುನಾದಿಯಾದ ಮೇಯನೀಸ್, ಎಂಬ ಮಾತು ಬಿದ್ದದ್ದೇ ತಡ, ಅವಳ ಮುಖ ಕಪ್ಪಿಟ್ಟಿತು.

“ತತ್ತಿ ಹಾಕ್ತಾರದಕ್ಕ. ನನಗೇನು ಗೊತ್ತಿಲ್ಲೇನು? ಲಿಂಗಪೂಜಾ ಮಾಡೋ ಮನಿ ಇದು.”

“ತತ್ತಿ ಇಲ್ಲ ಅತ್ಯಾ, ಹಾಲು, ಹಾಲು!” ಎಂದು ರೂಪಾ ಪಾತ್ರೆ ತೋರಿಸಿದಳು.

“ಇರಲಿ. ಮೀನಿನ ಸಂಗಾಟ ತಿನ್ನೋ ಚಟ್ನಿ ನಮಗ್ಯಾಕ? ಅಜ್ಜ ಮುತ್ತಜ್ಜ ತಿಂದಿದ್ದರೇನು?”

“ಅಜ್ಜ ಮುತ್ತಜ್ಜನ ನಾಲಿಗಿ ಯಾರೂ ಕೊಯ್ದಿದ್ದಿಲ್ಲ,” ಎಂದಳು ಚನಬಸವ್ವ. “ರೂಪಾ, ಮಿಕ್ಸರ್ ಹಚ್ಚು.”

ಮೊದಲ ಸಲ ಕೆಟ್ಟಿತು. ಆಗಷ್ಟೇ ಕಾಯಿಸಿದ ಹಾಲು ಇನ್ನೂ ಬೆಚ್ಚಗಿತ್ತು, ಎಣ್ಣೆಯನ್ನು ಒಮ್ಮೆಲೇ ಸುರಿದರು. ಎಣ್ಣೆ ಮೇಲೆ, ಹಾಲು ಕೆಳಗೆ, ಪಾತ್ರೆಯಲ್ಲಿ ಬರೀ ಕದಡಿದ ನೀರು. ಅದು ಸಾಲದೆಂದು ಮನೆಯಲ್ಲಿದ್ದ ಶೇಂಗಾ ಎಣ್ಣೆಯ ವಾಸನೆ. ಮಲ್ಲಮ್ಮ ಒಳಗೆ ಬಂದು ಪಾತ್ರೆಯನ್ನು ಇಣುಕಿ ನೋಡಿದಳು. ಗಂಜಿಯ ಬಟ್ಟಲು ತಂದು ಪಕ್ಕದಲ್ಲಿಟ್ಟು ಹೋದಳು. ಚನಬಸವ್ವ ಅದನ್ನು ಮುಟ್ಟಲಿಲ್ಲ. ಆ ಹೊತ್ತು ಉಪವಾಸವೇ ಮಲಗಿದಳು.

ಮಾರನೇ ದಿನ ಹಾಲನ್ನು ಫ್ರಿಜ್ಜಿನಲ್ಲಿಟ್ಟು ಚೆನ್ನಾಗಿ ತಣ್ಣಗಾಗಿಸಿದಳು. ವಿಶ್ವನಾಥಪ್ಪ ಯಾರೂ ಹೇಳದೆಯೇ ಸೂರ್ಯಕಾಂತಿ ಎಣ್ಣೆಯ ಪ್ಯಾಕೆಟ್ ತಂದು ಕಟ್ಟೆಯ ಮೇಲಿಟ್ಟಿದ್ದ. ಮಿಕ್ಸರ್ ತಿರುಗುತ್ತಿರುವಾಗ ಮುಚ್ಚಳದ ತೂತಿನಿಂದ ಎಣ್ಣೆಯನ್ನು ದಾರದಷ್ಟು ಸಣ್ಣಗೆ ಇಳಿಬಿಟ್ಟಳು. ಮೊದಮೊದಲು ನೀರಿನಂತೆ ಸುತ್ತುತ್ತಿದ್ದ ಸದ್ದು ದಪ್ಪವಾಯಿತು. ಲಿಂಬೆಯ ಕೆಲವೇ ಹನಿ ಬಿದ್ದಾಗ ಬೆಣ್ಣೆಯ ಹಾಗೆ ಗಟ್ಟಿಯಾಯಿತು. ಹಸಿ ಈರುಳ್ಳಿ ಬಾಯಿಗೆ ಚುರುಗುಟ್ಟುತ್ತದೆಂದು ಅದನ್ನು ಸಣ್ಣಗೆ ಹೆಚ್ಚಿ ನೀರಿನಲ್ಲಿ ತೊಳೆದು ಹಿಂಡಿದಳು. ಸೌತೆಕಾಯಿ ಬಿತ್ತು, ಮಿಡಿಮಾವು ಬಿತ್ತು. ಸೊಪ್ಪಿನ ಜಾಗಕ್ಕೆ ಅವಳು ಆರಿಸಿದ್ದು ಸಬ್ಬಸಿಗೆ. ಚಿಕ್ಕಂದಿನಲ್ಲಿ ರೊಟ್ಟಿಯ ಜೊತೆ ಹಸಿಯಾಗೇ ತಿನ್ನುತ್ತಿದ್ದ ಸೊಪ್ಪು.

ಮೆತ್ತಗಿನ ಬಿಸಿ ರೊಟ್ಟಿಯನ್ನು ಅದರಲ್ಲಿ ಕಲಸಿ ತಿಂದಳು. ಅರ್ಧ ರೊಟ್ಟಿ ಹೋಯಿತು, ಮತ್ತೆ ಕಾಲು. ವಿಶ್ವನಾಥಪ್ಪ ಅಕ್ಕನ ಎದುರಿಗೇ ತನ್ನ ತಟ್ಟೆಗೂ ಹಾಕಿಕೊಂಡ. “ಚಲೋ ಆಗ್ಯದ,” ಎಂದ. ಅಷ್ಟೇ. ಮಲ್ಲಮ್ಮ ತನ್ನ ತಟ್ಟೆ ಎತ್ತಿಕೊಂಡು ಒಳಕೋಣೆಗೆ ಹೋದಳು. ಆ ವಾರವೇ ಊರಿಗೆ ಹೊರಟಳು. ಬಸ್ಸು ಹತ್ತಿಸಲು ಹೋದ ಚನಬಸವ್ವನಿಗೆ ಕಿಟಕಿಯಿಂದ, “ನಿನ್ನ ಹಟಕ್ಕ ದೊಡ್ಡ ನಮಸ್ಕಾರ,” ಎಂದಳು. ಅದು ಬೈಗುಳವೇ. ಚನಬಸವ್ವ ಕೈಮುಗಿದು ಸ್ವೀಕರಿಸಿದಳು.

ಆಮೇಲೆ ಸಾಸ್ ಆ ಮನೆಯ ನಿತ್ಯದ ಪದಾರ್ಥವಾಯಿತು. ಬೇಯಿಸಿದ ಆಲೂಗಡ್ಡೆಗೆ ಅದು, ಅನ್ನಕ್ಕೆ ಅದು, ರೊಟ್ಟಿಗೆ ಅದು. ಸಾಸಿನ ಎಣ್ಣೆ ಮೈಗೆ ಹತ್ತಿತು. ಖಾಕಿ ಅಂಗಿ ಮತ್ತೆ ಭುಜಕ್ಕೆ ಕೂತಿತು. ತಕ್ಕಡಿ ನೋಡಿದ ಡಾಕ್ಟರು ಏನು ತಿನ್ನುತ್ತೀರಿ ಎಂದು ಕೇಳಿ, ಉತ್ತರ ಕೇಳಿ ನಕ್ಕು, ಕೆಲಸಕ್ಕೆ ಹೋಗಬಹುದೆಂದು ಸಹಿ ಮಾಡಿದರು.

ಡಿಪೋದಲ್ಲಿ ಅಷ್ಟು ಸುಲಭವಾಗಲಿಲ್ಲ. ಮ್ಯಾನೇಜರ್ ಕೆಟ್ಟವನಲ್ಲ, ಹಿಂಜರಿಕೆಯವನು. “ಚನಬಸವ್ವತಾಯಿ, ಆಫೀಸಿನಲ್ಲಿ ಕೂತು ಕೆಲಸ ಮಾಡಿ. ನಿಮ್ಮ ಮಾತು ಪ್ರಯಾಣಿಕರಿಗೆ ತಿಳಿಯಬೇಕಲ್ಲ?” ಎಂದು ಮರಾಠಿಯಲ್ಲಿ ಸಮಾಧಾನ ಹೇಳಿದ.

ಅವಳು ಎದ್ದು ಹೊರಗೆ ಬಂದು, ಹೊರಡಲು ನಿಂತಿದ್ದ ನಾಸಿಕದ ಬಸ್ಸಿನ ಬಾಗಿಲಿಗೆ ಬೆನ್ನು ಕೊಟ್ಟು ನಿಂತಳು. ಹೊಟ್ಟೆಯ ಆಳದಿಂದ ಉಸಿರೆಳೆದು ಕೂಗಿದಳು. ಜ ಜಾರಿತು, ಲ ಮಂದವಾಯಿತು, ಹಳೆಯ ಚೂಪು ಇರಲಿಲ್ಲ. ಆದರೆ ವೈಜಾಪುರ ವೈಜಾಪುರವಾಗಿಯೇ ಕೇಳಿಸಿತು, ಯೇವಲಾ ಯೇವಲಾವಾಗಿಯೇ. ಮತ್ತೊಮ್ಮೆ ಕೂಗಿದಳು. ಗೋಣಿಚೀಲ ಹೊತ್ತ ಮುದುಕನೊಬ್ಬ ಆಚೆಯ ಪ್ಲಾಟ್‌ಫಾರ್ಮಿನಿಂದ ಓಡಿಬಂದು, “ನಿಫಾಡಕ್ಕೆ ಹೋಗ್ತದಲ್ಲ ತಾಯಿ?” ಎಂದ. ಚನಬಸವ್ವ ಚೀಲಕ್ಕೆ ಕೈ ಕೊಟ್ಟು ಅವನನ್ನು ಹತ್ತಿಸಿದಳು. ಆಮೇಲೆ ತಿರುಗಿ ಮ್ಯಾನೇಜರನ ಕಿಟಕಿಯ ಕಡೆ ನೋಡಿದಳು.

ಮುಂದಿನ ವಾರದಿಂದ ಅವಳಿಗೆ ಹಳೆಯ ದಾರಿಯೇ ಸಿಕ್ಕಿತು.

ಈಗ ಬಿಸಿಲಿಗೆ ಹಾಲಿನ ಸಾಸ್ ಕೆಡಬಾರದೆಂದು ಅದನ್ನು ಅಗಲ ಬಾಯಿಯ ಥರ್ಮಾಸಿನಲ್ಲಿ, ಮಂಜುಗಡ್ಡೆಯ ನಡುವೆ ಸಣ್ಣ ಡಬ್ಬಿಯಲ್ಲಿಟ್ಟು ಒಯ್ಯುತ್ತಾಳೆ. ಮೊದಮೊದಲು ಕೆಲವರು ಅವಳ ಮಾತನ್ನು ಅಣಕಿಸಿದರು. ಒಬ್ಬ ಪಡ್ಡೆ ಹುಡುಗ ಹಿಂದಿನ ಸೀಟಿನಿಂದ ಅವಳ ಹಾಗೆಯೇ ತೊದಲಿ ಟಿಕೆಟ್ ಕೇಳಿದಾಗ, ಅವಳು ಗಂಟೆ ಎಳೆದು ಬಸ್ಸು ನಿಲ್ಲಿಸಿದಳು.

“ಎದ್ದು ನಿಂತು ಇನ್ನೊಮ್ಮೆ ಹೇಳು,” ಎಂದಳು. “ಎಲ್ಲರಿಗೂ ಕೇಳಲಿ.”

ಬಸ್ಸಿಗೆ ಬಸ್ಸೇ ಅವನತ್ತ ತಿರುಗಿತು. ಹುಡುಗ ಎದ್ದು, ತಲೆ ತಗ್ಗಿಸಿ, ನೆಟ್ಟಗಿನ ಮರಾಠಿಯಲ್ಲಿ ಟಿಕೆಟ್ ಕೇಳಿದ. ಅವಳು ಟಿಕೆಟ್ ಹರಿದು ಕೊಟ್ಟು ಮತ್ತೆ ಗಂಟೆ ಎಳೆದಳು.

ಅವತ್ತು ಯೇವಲಾದಲ್ಲಿ ಡಬ್ಬಿ ಬಿಚ್ಚಿದಾಗ, ಎದುರು ಸೀಟಿನ ಹೆಂಗಸೊಬ್ಬಳು ಅವಳ ಬಾಯನ್ನೂ ಬಿಳಿ ಸಾಸನ್ನೂ ನೋಡಿ, “ಪಾಪ, ಇಷ್ಟೇ ತಿನ್ನೋದಾ ನೀವು?” ಎಂದು ಮರುಗಿದಳು. ಚನಬಸವ್ವ ರೊಟ್ಟಿಯ ಚೂರೊಂದನ್ನು ಸಾಸಿನಲ್ಲಿ ಅದ್ದಿ ಅವಳ ಕೈಗಿತ್ತಳು.

“ಮೊದಲು ತಿಂದು ನೋಡಿ. ಆಮೇಲೆ ಪಾಪ ಅನ್ನಿ.”

ಹೆಂಗಸು ಸಂಕೋಚದಿಂದ ಬಾಯಿಗಿಟ್ಟುಕೊಂಡಳು, ಅಗಿದಳು. ಆಮೇಲೆ ಪಾಪ ಎನ್ನಲಿಲ್ಲ. ಹೇಗೆ ಮಾಡುವುದು ಎಂದು ಕೇಳಿದಳು. ಡ್ರೈವರ್ ಹಾರ್ನ್ ಒತ್ತುವವರೆಗೆ ಚನಬಸವ್ವ ಹೇಳುತ್ತಲೇ ಇದ್ದಳು.