ಟ್ಯಾಕಬರಿಯವರು ತೆಗೆಯಲು ಮರೆತ ಟೋಪಿ

ಮೂಕಚಿತ್ರಗಳ ಕಾಲದ ಹಾಸ್ಯನಟರನ್ನು ನೆನೆಯುವಾಗ ದೊಡ್ಡ ಕಂಪನಿಗಳ ಆಶ್ರಯದಲ್ಲಿ ಬೆಳೆದವರ ಹೆಸರುಗಳೇ ಮೊದಲು ನಾಲಿಗೆಗೆ ಬರುತ್ತವೆ. ಯಾರ ಹಂಗೂ ಇಲ್ಲದೆ, ನಮ್ಮ ಸ್ಯಾಂಡಸ್ಕಿ ಊರಿನ ಸರೋವರದ ದಂಡೆಯಲ್ಲಿ ಹಳೆಯ ಮಂಜುಗಡ್ಡೆ ಗೋದಾಮೊಂದನ್ನು ಬಾಡಿಗೆಗೆ ಹಿಡಿದು, ನಗೆಚಿತ್ರಗಳನ್ನು ತಾವೇ ಬರೆದು, ನಟಿಸಿ, ಊರೂರಿಗೆ ಮಾರಿದ ಶ್ರೀ ಓರಿನ್ ಟ್ಯಾಕಬರಿಯವರ ಹೆಸರೂ ಆ ಸಾಲಿನಲ್ಲಿ ಇರಬೇಕಿತ್ತು. ಇಲ್ಲ. ನಮ್ಮ ಚಿತ್ರಮಂದಿರದ ಪ್ರೊಜೆಕ್ಟರ್ ಕೋಣೆಯಲ್ಲಿ ದೀರ್ಘಕಾಲ ದುಡಿದು ಈಗ ನಿವೃತ್ತರಾಗುತ್ತಿರುವ ಅವರ ಕಲೆಯನ್ನು ತೂಗುವ ಯೋಗ್ಯತೆ ಅಲ್ಲಿಯೇ ಟಿಕೆಟ್ ಕಿಟಕಿಯಲ್ಲಿ ಕುಳಿತ ನಮ್ಮಂಥವರಿಗೆ ಉಂಟೇ ಎಂಬ ಅಳುಕಿನಿಂದಲೇ ಇದನ್ನು ಬರೆದಿದೆ. ತಪ್ಪಿದ್ದರೆ ಬಲ್ಲವರು ತಿದ್ದಬೇಕು.

ಆಗ ಕ್ಯಾಮೆರಾವನ್ನು ಕೈಯಿಂದಲೇ ತಿರುಗಿಸಬೇಕಿತ್ತು. ಟ್ಯಾಕಬರಿಯವರ ಬಳಗದಲ್ಲಿ ಒಂದು ಕಟ್ಟುನಿಟ್ಟಿತ್ತು: ಅವರು ತಲೆಯ ಮೇಲಿನ ಟೋಪಿ ತೆಗೆಯುವವರೆಗೆ, ಏನೇ ಆಗಲಿ, ತಿರುಗಿಸುವ ಕೈ ನಿಲ್ಲಬಾರದು. ಒಂದು ಬೇಸಿಗೆಯಲ್ಲಿ, ಸಹನಟಿ ಹೆಟ್ಟಿ ಲೂಮಿಸ್ ಏಣಿಯಿಂದ ಹುಲ್ಲಿನ ಗಾಡಿಗೆ ಹಾರಬೇಕಿದ್ದ ದೃಶ್ಯದಲ್ಲಿ, ಏಣಿಯ ಮೆಟ್ಟಿಲು ಮುರಿದು ಆಕೆ ಚಪ್ಪಡಿಯ ಮೇಲೆ ಬಿದ್ದರು. ಕಾಲು ಮುರಿಯಿತು. ಎತ್ತಲು ಗಾಬರಿಯಿಂದ ಓಡಿದ ಟ್ಯಾಕಬರಿಯವರೂ ಜಾರಿ ಬಿದ್ದರು. ಟೋಪಿ ತೆಗೆಯುವುದು ಅವರಿಗೆ ಮರೆತೇಹೋಯಿತು. ಕ್ಯಾಮೆರಾ ತಿರುಗುತ್ತಲೇ ಇತ್ತು.

ಚಿತ್ರೀಕರಿಸಿದ್ದನ್ನೆಲ್ಲ ಜೋಡಿಸಿ ಊರವರಿಗೆ ಒಮ್ಮೆ ತೋರಿಸುವುದು, ನಗು ಬಾರದ ಭಾಗವನ್ನಷ್ಟೇ ಕತ್ತರಿಸುವುದು ಅವರ ಪದ್ಧತಿ. ಆಸ್ಪತ್ರೆಯಿಂದ ನೇರವಾಗಿ ಬಂದು ಕುಳಿತ ಟ್ಯಾಕಬರಿಯವರಿಗೆ, ಆ ದೃಶ್ಯವೂ ಚಿತ್ರದಲ್ಲಿ ಸೇರಿದೆಯೆಂದು ತಿಳಿದದ್ದು ಮಂದಿ ಹೊಟ್ಟೆ ಹಿಡಿದು ನಗತೊಡಗಿದಾಗ.

"ಆ ಬೀಳೋದೊಂದಿದ್ರೆ ದೇಶಕ್ಕೆಲ್ಲ ನಾನೇ ಹಂಚ್ತೀನಿ ಕಣಯ್ಯಾ. ಇಲ್ದಿದ್ರೆ ನಿನ್ನ ಡಬ್ಬಿ ನೀನೇ ಇಟ್ಕೋ," ಎಂದರು ಕ್ಲೀವ್‌ಲ್ಯಾಂಡಿನಿಂದ ಬಂದಿದ್ದ ಹಂಚಿಕೆದಾರರು.

ಆ ಚಿತ್ರ ಮಾರಾಟವಾಗದಿದ್ದರೆ ಬಳಗವನ್ನೇ ಮುಚ್ಚಬೇಕಿತ್ತು. ಟ್ಯಾಕಬರಿಯವರು ಕತ್ತರಿ ತರಿಸಿ, ಆ ತುಣುಕನ್ನು ತೆಗೆದು ಒಲೆಗೆ ಹಾಕಿದರು. ಅದು ಭಗ್ಗೆಂದು ಉರಿದುಹೋಯಿತು. ಹೆಟ್ಟಿಯವರು ಮೆಚ್ಚುವರೆಂದೇ ನಂಬಿ ಆಸ್ಪತ್ರೆಗೆ ಮರಳಿದರು.

"ಜನ ನಕ್ಕರೇನೋ?" ಎಂದರು ಹೆಟ್ಟಿ.

"ನಕ್ಕರು. ಅದಕ್ಕೇ ಕತ್ತರಿಸಿ ಸುಟ್ಟುಬಿಟ್ಟೆ."

"ಅಯ್ಯೋ ಪೆದ್ದೇ! ಮುರಿದಿದ್ದು ನಿನ್ನ ಕಾಲಾ? ಇಷ್ಟು ವರ್ಷ ಬಿದ್ದೂ ಬಿದ್ದೂ ನನಗೆ ಸಿಕ್ಕಿದ ದೊಡ್ಡ ನಗು ಅದೊಂದೇ ಕಣೋ!"

"ನೀನು ನೋವಲ್ಲಿ ಒದ್ದಾಡ್ತಿರೋವಾಗ ಜನ ನಗೋದನ್ನ ನೋಡೋಕಾಗ್ಲಿಲ್ಲ, ಹೆಟ್ಟಿ."

"ಕಣ್ಣು ಮುಚ್ಕೋಬೇಕಿತ್ತು. ನನ್ನ ಕೇಳಿದ್ರೆ ನಾನೇ ಕತ್ತರಿಸು ಅಂತಿದ್ನೋ ಏನೋ. ಕೇಳ್ಲೇ ಇಲ್ವಲ್ಲ ನೀನು!"

ಶರತ್ಕಾಲದ ಹೊತ್ತಿಗೆ ಗೋದಾಮಿಗೆ ಬೀಗ ಬಿತ್ತು. ಹೆಟ್ಟಿಯವರು ಟ್ಯಾಕಬರಿಯವರೊಡನೆ ಬಹಳ ಕಾಲ ಮಾತು ಬಿಟ್ಟರು. ಆಮೇಲೆ ಅವರನ್ನೇ ಮದುವೆಯಾದರು. "ಅದೊಂದನ್ನ ಮಾತ್ರ ನನ್ನ ಕೇಳಿ ಮಾಡಿದ," ಎಂದು ಈಗಲೂ ಎಲ್ಲರೆದುರು ಚುಚ್ಚುತ್ತಾರೆ.

ಟ್ಯಾಕಬರಿಯವರು ಆ ಮಾತನ್ನು ನಕ್ಕು ಮರೆತವರಲ್ಲ. ಶನಿವಾರಗಳಂದು ಚಿತ್ರಕ್ಕೆ ಮುಂಚೆ ಊರವರೇ ವೇದಿಕೆಯೇರುವ ಕಾರ್ಯಕ್ರಮವನ್ನು ನಡೆಸಿಕೊಟ್ಟವರು ಅವರೇ. ಶ್ರೀಮತಿ ಪ್ರೌಟಿಯವರ ಗಾಯನ ಎಷ್ಟೇ ಲಂಬಿಸಿ ಜನ ಗೊಣಗಿದರೂ, ಅವರೊಡನೆ ಏಕಾಂತದಲ್ಲಿ ಕುಳಿತು ಒಪ್ಪಿಸದೆ ಒಂದು ಸಾಲನ್ನೂ ಕಡಿಮೆ ಮಾಡಲಿಲ್ಲ. ಅನೇಕರ ಮಾನ ಉಳಿದದ್ದು ಹೀಗೆ. ನಿವೃತ್ತಿಯ ನಂತರವೂ ಶನಿವಾರಗಳನ್ನು ಬಿಡುವುದಿಲ್ಲವೆಂದು ಅವರು ಒಪ್ಪಿರುವುದು ನಮ್ಮ ಭಾಗ್ಯ.

ಸುಟ್ಟದ್ದು ಸರಿಯೇ ಎಂಬ ಬಗ್ಗೆ ಆ ಮನೆಯಲ್ಲಿ ಇನ್ನೂ ತೀರ್ಮಾನವಾಗಿಲ್ಲ. ಟ್ಯಾಕಬರಿ ದಂಪತಿಗಳ ಆರೋಗ್ಯವೂ ಆ ವಾದವೂ ಬಹುಕಾಲ ಗಟ್ಟಿಯಾಗಿರಲಿ. ಇಬ್ಬರಲ್ಲಿ ಯಾರೂ ಗೆಲ್ಲದಿರಲಿ.