ಪರದೆಯ ಅಂಚಿನ ಭುಜ

ಎಮೇ ಕೊರ್ಬಿಯೆ ಎಂಬ ನಟ ಆಯಸ್ಸೆಲ್ಲ ಸಿನಿಮಾದಲ್ಲೇ ಸವೆದ. ಜೈಲರ್ ಆದ, ಪಾದ್ರಿಯಾದ, ಉಯಿಲು ಓದುವ ವಕೀಲನಾದ. ಕೆಟ್ಟ ಸುದ್ದಿ ತಂದು ಬಾಗಿಲಲ್ಲಿ ಟೋಪಿ ತೆಗೆದು ನಿಲ್ಲುವ ಪೊಲೀಸನಂತೂ ಎಷ್ಟು ಸಲ ಆದನೋ! ಆದರೆ ಪ್ಯಾರಿಸ್ಸಿನಲ್ಲಿ ಅವನದೇ ಬೀದಿಯ ಬ್ರೆಡ್ ಅಂಗಡಿಯಾಕೆ ಅವನನ್ನು ಕಂಡಾಗಲೆಲ್ಲ, "ನಮ್ಮನೆ ನಲ್ಲಿ ರಿಪೇರಿಗೆ ಬಂದೋರು ನೀವೇ ಅಲ್ವಾ? ಮತ್ತೆ ಸೋರ್ತಾ ಇದೆ ನೋಡಿ" ಎನ್ನುತ್ತಿದ್ದಳು. ಕೊನೆಗೊಂದು ದಿನ ಅವನು ಹೋಗಿ ವಾಷರ್ ಬದಲಿಸಿಯೇ ಬಂದ.

ಅವಳನ್ನು ಬೈದೇನು ಫಲ? ಅವನ ಮುಖವನ್ನು ಯಾರಾದರೂ ನೋಡಿದ್ದರೆ ತಾನೆ! ಇಬ್ಬರು ಮಾತಾಡುವ ದೃಶ್ಯವನ್ನು ಎರಡು ಸಲ ತೆಗೆಯುತ್ತಾರೆ. ಮೊದಲು ಕ್ಯಾಮೆರಾ ನಾಯಕನ ಮುಖದ ಮೇಲೆ. ಎದುರಿಗಿರುವವನ ಭುಜವಷ್ಟೇ ಅಂಚಿನಲ್ಲಿ. ಆಮೇಲೆ ಕ್ಯಾಮೆರಾ ತಿರುಗಿಸಿ ಎದುರಿನವನ ಮುಖ. ಎಮೇಯ ಸರದಿ ಬರುವಷ್ಟರಲ್ಲಿ ಹೊತ್ತು ಮೀರಿರುತ್ತಿತ್ತು. "ಭುಜ ಸಿಕ್ಕಿದೆಯಲ್ಲ, ಸಾಕು" ಎನ್ನುತ್ತಿದ್ದರು. ಆದರೂ ಈ ಪೆದ್ದ, ಕ್ಯಾಮೆರಾಕ್ಕೆ ಬೆನ್ನು ಹಾಕಿ ನಿಂತು, ಜೀವವನ್ನೇ ಸುರಿದು ಮಾತಾಡುತ್ತಿದ್ದ. ಆ ದನಿ ಕೇಳಿಯೇ ನಾಯಕರಿಗೆ ಅಳು ಬರುತ್ತಿತ್ತು. ಪ್ರಶಸ್ತಿಯೂ ಅವರಿಗೇ ಬರುತ್ತಿತ್ತು.

ಹೆಂಡತಿ ಸೊಲಾಂಜ್‌ಳ ಕಣ್ಣು ಮಂಜಾಗುತ್ತಿತ್ತು. ಡಾಕ್ಟರು ಇನ್ನು ಹೆಚ್ಚು ದಿನ ಕಾಣಿಸದು ಎಂದುಬಿಟ್ಟಿದ್ದರು.

"ನಿನ್ ಬೆನ್ನು ನೋಡಿ ನೋಡಿ ಸಾಕಾಯ್ತು ಕಣೋ," ಎಂದಳು ಅವಳು, ಸೂಪಿನ ತಟ್ಟೆ ಅವನ ಮುಂದಿಡುತ್ತ. "ಒಂದ್ಸಲ ನಿನ್ ಮುಖ ಪರದೆ ತುಂಬ ಬರ್ಲಿ. ಕಣ್ಣಿರೋವಾಗ್ಲೇ ನೋಡ್ಕೊಂಡ್ಬಿಡ್ತೀನಿ. ಎಲ್ಲಾನೂ ಅವ್ರಿಗೇ ಸುರೀಬೇಡ, ನಿಂಗೂ ಒಂಚೂರು ಇಟ್ಕೋ."

ಪಶ್ಚಿಮ ಕರಾವಳಿಯ ಬ್ರೆತಾನ್ಯದ ಒಂದು ಮೀನುಬಂದರಿನಲ್ಲಿ ಆ ಅವಕಾಶ ಬಂತು. ನವೆಂಬರ್ ತಿಂಗಳು, ಕೊನೆಯ ದಿನದ ಶೂಟಿಂಗ್. ಊರು ಬಿಡುವ ಮಗನನ್ನು ಅಪ್ಪ ತಡೆಯುವ ದೃಶ್ಯ, ಅಪ್ಪ ಎಮೇ. ಅವನ ಮುಖವನ್ನೂ ತೆಗೆಯುತ್ತೇನೆಂದು ನಿರ್ದೇಶಕಿ ಮಾರಿಯೆಲ್ ಮಾತು ಕೊಟ್ಟಿದ್ದಳು.

ಮೊದಲು ಮಗನಾದ ನಾಯಕ ಫ್ಲೋರಿಯಾನ್‌ನ ಮುಖ. ಹೆಂಡತಿ ಹೇಳಿದಂತೆ ತನ್ನ ಸರದಿಗೆ ಉಳಿಸಿಕೊಂಡು, ಎಮೇ ಮಾತನ್ನು ಒಣಗಿಸಿ ಹೇಳಿದ. ಫ್ಲೋರಿಯಾನ್‌ಗೆ ಕಣ್ಣೀರು ಬರಲಿಲ್ಲ. ಇನ್ನೊಮ್ಮೆ. ಮತ್ತೊಮ್ಮೆ. ಶೂಟಿಂಗಿನಲ್ಲಿ ಚಿಕ್ಕವರೂ ದೊಡ್ಡವರನ್ನು ಏಕವಚನದಲ್ಲೇ ಮಾತಾಡಿಸುತ್ತಾರೆ.

"ಏನಾಗಿದೆ ನಿಂಗೆ ಎಮೇ? ಪಟ್ಟಿ ಓದ್ದಂಗೆ ಓದ್ತೀಯಲ್ಲ! ಹಿಂಗಾದ್ರೆ ನಾನೆಲ್ಲಿಂದ ಅಳ್ಲಿ?" ಎಂದ ಫ್ಲೋರಿಯಾನ್.

ಎಮೇ ಲೆಕ್ಕ ಹಾಕಿದ. ಸುರಿದುಬಿಟ್ಟರೆ ತನಗೇನೂ ಉಳಿಯದು. ಸುರಿಯದಿದ್ದರೆ ಇದೇ ಮುಗಿಯದು, ತನ್ನ ಸರದಿ ಬರುವುದೇ ಇಲ್ಲ. ಎರಡು ಕಡೆಯಿಂದಲೂ ಕುತ್ತಿಗೆ ಸಿಕ್ಕಿಕೊಂಡಿತ್ತು. ಸಂಜೆಯಾಗುತ್ತ ಬಂದು, ಎದುರಿನ ಗೋಡೆಯ ಬಿಸಿಲು ಮೇಲೇರಿ ಹೆಂಚು ಮುಟ್ಟಿತ್ತು.

ಮತ್ತೆ ಕ್ಯಾಮೆರಾ ಓಡಿತು. ಎಮೇ ಬಾಯಿ ತೆರೆಯುವಷ್ಟರಲ್ಲಿ ಆ ಬಿಸಿಲೂ ಆರಿತು. ಅವನ ಎದೆ ಒಡೆಯಿತು.

"ಹೋಗ್ಬೇಡ ಕಣೋ," ಎಂದ. "ಒಂದೇ ಒಂದ್ಸಲ ನನ್ ಮುಖ ನೋಡು."

ಫ್ಲೋರಿಯಾನ್ ಬಿಕ್ಕಿ ಬಿಕ್ಕಿ ಅತ್ತ. ಎಲ್ಲರೂ ಚಪ್ಪಾಳೆ ತಟ್ಟಿದರು. ಮಾರಿಯೆಲ್ ಬಂದು ಎಮೇಯ ಕೈ ಹಿಡಿದಳು. "ಬೆಳಕು ಹೋಯ್ತಲ್ಲೋ ಎಮೇ. ನಾಳೆ ಫ್ಲೋರಿಯಾನ್ ಇರಲ್ಲ. ಭುಜ ಮಾತ್ರ ತುಂಬ ಚೆನ್ನಾಗಿ ಬಂದಿದೆ."

ಫ್ಲೋರಿಯಾನ್ ಅವನನ್ನು ತಬ್ಬಿಕೊಂಡ. "ನನ್ನ ಅಳಿಸೇಬಿಟ್ಯಲ್ಲೋ ಮಾರಾಯ! ಏನ್ ನೆನೆಸ್ಕೊಂಡೆ ಆಗ?"

ಎಮೇ ಅವನ ಬೆನ್ನು ತಟ್ಟಿದ. ಬಲೆಗಳ ರಾಶಿಯ ಹಿಂದೆ ಹೋಗಿ ಮನೆಗೆ ಫೋನ್ ಮಾಡಿದ. ಅವನು ಉಸಿರೆಳೆದುಕೊಂಡದ್ದೇ ತಡ, ಸೊಲಾಂಜ್‌ಗೆ ಗೊತ್ತಾಯಿತು.

"ಕೊಟ್ಬಿಟ್ಯಾ?"

"ಹೂಂ."

"ಎಲ್ಲಾನೂ?"

"ಎಲ್ಲಾನೂ ಕಣೇ."

ಅವಳು ಕುರ್ಚಿ ಎಳೆದು ಕೂತ ಸದ್ದು ಕೇಳಿತು. ಆಮೇಲೆ, "ಯಾವ ಭುಜ, ಎಡಗಡೇದಾ ಬಲಗಡೇದಾ ಹೇಳು," ಎಂದಳು. "ಕಣ್ಣು ಅಲ್ಲೇ ಇಟ್ಕೊಂಡು ಕೂತಿರ್ತೀನಿ."