ಎರಡು ಸಲ ಹಾಕಿದ ಪಾಚಿ

ನನ್ನ ಕೈ ಸುಮ್ಮನಿರುವ ಕೈಯಲ್ಲ. ಒಲೆಯ ಮೇಲೆ ಎಸರಿಟ್ಟರೆ ಕುದಿಯಿತೋ ಇಲ್ಲವೋ ಎಂದು ನಾಲ್ಕು ಸಲ ಮುಚ್ಚಳ ಎತ್ತಿ ನೋಡದಿದ್ದರೆ ಜೀವ ತಡೆಯುವುದಿಲ್ಲ. ಹಾಲಿಗೆ ಹೆಪ್ಪು ಹಾಕಿ ಮಲಗಿದರೆ ಬೆಳಗಾಗುವುದರೊಳಗೆ ಒಮ್ಮೆಯಾದರೂ ಎದ್ದು ಅಲುಗಿಸಿ, ಅದನ್ನು ಕೆಡಿಸಿಯೇ ತೀರುವವಳು. ಇಂಥವಳನ್ನು ಹುಡುಕಿ ತಂದು ಸಕ್ಕರೆ ಮಾಡುವ ಮನೆಗೆ ಸೊಸೆ ಮಾಡಿದರು. ಸಕ್ಕರೆ ಮಾಡುವುದೆಂದರೆ ಮುಕ್ಕಾಲು ಪಾಲು ಕಾಯುವುದು ಎಂದು ನನಗೆ ಯಾರೂ ಮೊದಲೇ ಹೇಳಿರಲಿಲ್ಲ.

ನನ್ನ ತವರು ಕಾನಕಾನಹಳ್ಳಿ. ಈಗಿನವರು ಕನಕಪುರ ಅನ್ನುತ್ತಾರೆ. ಅಲ್ಲಿ ನಾವು ಬೆಲ್ಲ ತಿಂದು ಬೆಳೆದವರು. ಸಕ್ಕರೆ ಏನಿದ್ದರೂ ದೇವರ ಪಂಚಾಮೃತಕ್ಕೆ ಒಂದು ಚಿಟಿಕೆ, ಬಾಣಂತಿಯ ಔಷಧಿಗೆ ಇನ್ನೊಂದು. ಚನ್ನಪಟ್ಟಣದ ಗಂಡನ ಮನೆಗೆ ಬಂದ ಮೇಲೆ ಅದನ್ನು ಕುಕ್ಕೆಗಟ್ಟಲೆ ನೋಡಿದೆ. ಸುಲ್ತಾನರ ಕಾಲದಲ್ಲಿ ಈ ಮನೆಯ ಸಕ್ಕರೆ ಶ್ರೀರಂಗಪಟ್ಟಣದ ಅರಮನೆಗೆ ಹೋಗುತ್ತಿತ್ತಂತೆ. ಮಾವ ಈ ಮಾತನ್ನು ಬಂದವರಿಗೆಲ್ಲ, ಕುಡಿಯಲು ನೀರು ಕೊಡುವ ಮುಂಚೆಯೇ ಹೇಳಿಬಿಡುತ್ತಿದ್ದರು.

ಕಬ್ಬು ಕಡಿಯುವುದು, ಗಾಣಕ್ಕೆ ಕೊಡುವುದು, ಕಬ್ಬಿನ ಹಾಲು ಕಾಯಿಸುವುದು ಗಂಡಸರ ಕೆಲಸ. ಬೆಲ್ಲದ ಪಾಕ ಬರುವುದಕ್ಕೆ ಸ್ವಲ್ಪ ಮುಂಚೆಯೇ ಕೊಪ್ಪರಿಗೆ ಇಳಿಸಿ, ಮಡಕೆಗಳಿಗೆ ಹೊಯ್ದು ಹರಳುಗಟ್ಟಲು ಬಿಟ್ಟರೆ ಅವರ ಪಾಲು ಮುಗಿಯಿತು. ಮುಂದಿನದು ಹೆಂಗಸರದು, ಅದೂ ಹಿತ್ತಿಲ ಕೋಣೆಯೊಳಗೆ ಬಾಗಿಲು ಹಾಕಿಕೊಂಡು. ಹರಳುಗಟ್ಟಿದ ಕಂದು ರಾಶಿಯನ್ನು ಬಿದಿರಿನ ಕುಕ್ಕೆಗೆ ತುಂಬಿ, ಅದರ ಮೇಲೆ ಕೆರೆಯಿಂದ ತಂದ ಒದ್ದೆ ಪಾಚಿಯನ್ನು ಕಂಬಳಿಯ ಹಾಗೆ ಹೊದಿಸುತ್ತಿದ್ದೆವು. ಪಾಚಿಯ ತೇವ ಹನಿಹನಿಯಾಗಿ ಇಳಿಯುತ್ತಾ ಹರಳಿಗೆ ಅಂಟಿದ ಕಪ್ಪು ರಸ, ಕಾಕಂಬಿಯನ್ನು, ಕೆಳಕ್ಕೆ ತಳ್ಳುತ್ತದೆ, ಅದು ತಳದ ಬಾನಿಗೆ ಸೋರುತ್ತದೆ. ಮೂರು ದಿನಕ್ಕೊಮ್ಮೆ ಪಾಚಿ ತೆಗೆದು, ಮೇಲೆ ಬೆಳ್ಳಗಾದ ಎರಡು ಬೆರಳಿನಷ್ಟನ್ನು ಕೆರೆದುಕೊಂಡು, ಮತ್ತೆ ಹೊಸ ಪಾಚಿ ಹಾಕಬೇಕು. ಇಷ್ಟೇ ಗುಟ್ಟು.

ಇಷ್ಟನ್ನು ಆ ಮನೆಯವರು ತಲೆಮಾರುಗಳಿಂದ ಬಚ್ಚಿಟ್ಟುಕೊಂಡು ಬಂದಿದ್ದರು. ಪಾಚಿ ತರುವುದು ದನದ ಹುಲ್ಲಿನ ಮಂಕರಿಯಲ್ಲಿ, ಮೇಲೆ ಹುಲ್ಲು ಮುಚ್ಚಿಕೊಂಡು. ಮನೆಯ ಹೆಣ್ಣುಮಕ್ಕಳಿಗೂ ಹೇಳುತ್ತಿರಲಿಲ್ಲ, ಅವರು ಇನ್ನೊಂದು ಮನೆ ಸೇರುವವರು ಎಂದು. ಎಲ್ಲಿಂದಲೋ ಬಂದ ಸೊಸೆಗೆ ಹೇಳುತ್ತಿದ್ದರು! ನನ್ನ ನಾದಿನಿ ಅದೇ ಮನೆಯಲ್ಲಿ ಹುಟ್ಟಿದವಳು, ಆ ಕೋಣೆಯ ಹೊಸಿಲು ದಾಟಿದವಳಲ್ಲ. ನಾನು ಬಂದ ಮೂರನೇ ತಿಂಗಳಿಗೆ ದಾಟಿದೆ. ಅವಳು ನನ್ನ ಮೇಲೆ ಮುನಿಸಿಕೊಂಡದ್ದು ನ್ಯಾಯವಾಗಿಯೇ ಇತ್ತು.

ಆ ಹೊತ್ತಿಗಾಗಲೇ ಪೇಟೆಗೆ ಹಡಗಿನ ಸಕ್ಕರೆ ಬರತೊಡಗಿತ್ತು. ಜಾವಾದಿಂದ ಮದ್ರಾಸಿಗೆ ಹಡಗಿನಲ್ಲಿ, ಅಲ್ಲಿಂದ ನಮ್ಮ ಸ್ಟೇಷನ್ನಿಗೆ ರೈಲಿನಲ್ಲಿ, ಗೋಣಿಚೀಲಗಳಲ್ಲಿ. ಉಪ್ಪಿನಷ್ಟು ಬಿಳುಪು. ಮೂಳೆ ಸುಟ್ಟ ಕರಿಯಲ್ಲಿ ಸೋಸಿ ಅದನ್ನು ಹಾಗೆ ಮಾಡುತ್ತಾರೆ ಎಂಬ ಸುದ್ದಿ ಊರೂರಿಗೂ ಹಬ್ಬಿತ್ತು. ನಮ್ಮಂಥ ಲಿಂಗ ಕಟ್ಟಿದವರ ಮನೆಗಳಲ್ಲಿ ಅದಕ್ಕೆ ಪ್ರವೇಶವಿರಲಿಲ್ಲ, ಹಾಗಾಗಿ ನಮ್ಮ ಸಕ್ಕರೆ ಬದುಕಿಕೊಂಡಿತ್ತು. ನಮ್ಮದು ಹಾಲಿನ ಕೆನೆಯ ಬಣ್ಣ, ತುಸು ಹಳದಿ. ಆ ಹಳದಿಯನ್ನು ನೋಡಿಯೇ ಮಾಗಡಿ ಕಡೆಯವರು ಕಣ್ಣಿಗೊತ್ತಿಕೊಂಡು ಒಯ್ಯುತ್ತಿದ್ದರು.

ನನಗೆ ಮಾತ್ರ ಆ ಹಳದಿ ಕಂಡರೆ ಮೈ ಉರಿಯುತ್ತಿತ್ತು. ಅಂಗಡಿಯ ಮುಂದೆ ಹಾದುಹೋಗುವಾಗ ಹಡಗಿನ ಸಕ್ಕರೆ ಬಿಸಿಲಿಗೆ ಮಿನುಗುವುದು ಕಣ್ಣಿಗೆ ಬೀಳುತ್ತಿತ್ತು. ಅರಮನೆಗೆ ಕಳಿಸಿದವರು ನಾವು, ಸಮುದ್ರದಾಚೆಯಿಂದ ಬಂದದ್ದರ ಮುಂದೆ ಮಂಕಾಗಿ ಕೂರುವುದೇ? ಯಾರಿಗೂ ಹೇಳದೆ ಒಳಗೊಳಗೇ ಕುದಿಯುತ್ತಿದ್ದೆ.

ಅಷ್ಟರಲ್ಲಿ ನಾದಿನಿಗೆ ಕುದೂರಿನಲ್ಲಿ ಗಂಡು ಗೊತ್ತಾಯಿತು. ಅವಳಿಗೆ ಹದಿನಾರು ತುಂಬಿತ್ತು. ಆ ಕಾಲಕ್ಕೆ ಅದು ಊರು ಆಡಿಕೊಳ್ಳುವ ವಯಸ್ಸು. ಆಗಲೇ ಒಂದು ಸಂಬಂಧ ಮುರಿದು ಹೋಗಿತ್ತು, ಇನ್ನೊಂದು ಮುರಿದರೆ ಮೂರನೆಯದು ಬರುವುದು ಕಷ್ಟ. ನಮ್ಮಲ್ಲಿ ಒಪ್ಪಿಗೆಯ ಶಾಸ್ತ್ರಕ್ಕೆ ಹೆಣ್ಣಿನ ಕಡೆಯವರು ಸಕ್ಕರೆ ಒಯ್ಯಬೇಕು. ಗಂಡಿನ ಮನೆಯವರು ಅದನ್ನು ಪೂಜೆಗಿಟ್ಟು ಬಾಯಿಗೆ ಹಾಕಿಕೊಂಡರೆ ಮಾತು ಗಟ್ಟಿಯಾದ ಹಾಗೆ. ಅದಕ್ಕೆಂದೇ ಅತ್ತೆ ಎರಡು ಕುಕ್ಕೆ ತುಂಬಿ ಪಾಚಿ ಹೊದಿಸಿದ್ದರು. ಆಗ ಕೋಡಿಹಳ್ಳಿಯಿಂದ ಅವರ ಅಕ್ಕನಿಗೆ ಹುಷಾರಿಲ್ಲವೆಂದು ಕರೆ ಬಂತು. ಹೊರಡುವಾಗ ಗಾಡಿಯಿಂದಲೇ ನನಗೆ ಹೇಳಿದರು:

"ಮೂರ್ ದಿನಕ್ಕೊಂದ್ಸಲ ಪಾಚಿ ಬದ್ಲಾಯ್ಸು. ಮಧ್ಯ ಮುಟ್ಬ್ಯಾಡ ಕಣವ್ವ. ಅದು ತಾನಾಗೇ ಆಯ್ತದೆ."

ಮೊದಲ ಮೂರು ದಿನ ಕಾದೆ. ಹೇಗೆ ಕಾದೆನೋ ನನಗೇ ಗೊತ್ತು. ಕಸ ಗುಡಿಸುವ ನೆಪದಲ್ಲಿ ಆ ಕೋಣೆಗೆ ಹತ್ತು ಸಲ ಹೋಗಿ ಬಂದಿದ್ದೆ. ಪಾಚಿ ತೆಗೆದರೆ ಅದೇ ಕೆನೆ, ಅದೇ ಹಳದಿ. ಕೆರೆದದ್ದನ್ನು ಒಣಗಿಸಲು ಹಾಕಬೇಕಾಗಿತ್ತು, ಕೈ ಕೇಳಲಿಲ್ಲ. ಅದನ್ನೇ ಇನ್ನೊಂದು ಕುಕ್ಕೆಗೆ ತುಂಬಿ, ಮೇಲೆ ಮತ್ತೆ ತೆಳ್ಳಗೆ ಪಾಚಿ ಹಾಸಿದೆ. ಆಮೇಲೆ ಮೂರು ದಿನವೂ ಇಲ್ಲ, ನಾಲ್ಕು ದಿನವೂ ಇಲ್ಲ, ಬೆಳಿಗ್ಗೆ ಬೆಳಿಗ್ಗೆ ಹೊಸ ಪಾಚಿ. ಅರ್ಧಕ್ಕರ್ಧ ಸಕ್ಕರೆ ಕರಗಿ ಬಾನಿಗೆ ಇಳಿದುಹೋಯಿತು. ಉಳಿದದ್ದನ್ನು ಪಂಚೆಯ ಮೇಲೆ ಹರವಿ ಅಂಗಳದ ಬಿಸಿಲಿಗಿಟ್ಟಾಗ ಕಣ್ಣು ಬಿಡಲಾಗಲಿಲ್ಲ, ಅಷ್ಟು ಬೆಳ್ಳಗಿತ್ತು.

ಹನ್ನೆರಡು ದಿನದ ಮೇಲೆ ಅತ್ತೆ ಬಂದರು. ಬೊಗಸೆಯಲ್ಲಿ ತೆಗೆದುಕೊಂಡು ಬಾಗಿಲ ಬೆಳಕಿಗೆ ಹಿಡಿದರು. ಮಾಡಿದ್ದನ್ನೆಲ್ಲ ಹೇಳಿ ಬೈಗುಳಕ್ಕೆ ಸಿದ್ಧಳಾಗಿ ನಿಂತಿದ್ದೆ. ಅವರು ಬೈಯಲಿಲ್ಲ. ಇಷ್ಟು ವರ್ಷದಲ್ಲಿ ತಮ್ಮ ಕೈಯಲ್ಲೂ ಇಂಥದ್ದು ಆಗಿರಲಿಲ್ಲ ಎಂದು ಮೆಲ್ಲಗೆ ಅಂದು, ಇದನ್ನೇ ಕುದೂರಿಗೆ ಒಯ್ಯೋಣ ಎಂದರು. ಹಿಗ್ಗಿನಲ್ಲಿ ಇಬ್ಬರಿಗೂ ಬುದ್ಧಿ ಮಂಕಾಗಿತ್ತು.

ಈಗ ರಾಮನಗರ ಅನ್ನುವ ಕ್ಲೋಸ್‌ಪೇಟೆಯ ಮೇಲೆ, ಮಾಗಡಿ ಹಾದು ಎರಡು ದಿನದ ಗಾಡಿ ಪ್ರಯಾಣ. ಎಷ್ಟು ಹೊತ್ತು ನಡೆದರೂ ಸಾವನದುರ್ಗ ಪಕ್ಕದಲ್ಲೇ ನಿಂತಿತ್ತು. ಗಾಡಿಯಿಂದ ಇಳಿದು ಎತ್ತುಗಳನ್ನು ನಾನೇ ತಳ್ಳಿಬಿಡಲೇ ಅನ್ನಿಸುತ್ತಿತ್ತು. ಹೊರಡುವಾಗ ನಾದಿನಿ, ಎಂದೂ ಇಲ್ಲದವಳು, ನನ್ನ ಕೈ ಹಿಡಿದು ಅತ್ತಿಗೆ ಬೇಗ ಬನ್ನಿ ಎಂದಿದ್ದಳು. ಆ ಹಿಡಿತ ದಾರಿಯುದ್ದಕ್ಕೂ ಕೈಯಲ್ಲೇ ಇತ್ತು.

ಕುದೂರಿನ ಮನೆಯ ಪಡಸಾಲೆ ತುಂಬ ಜನ. ಸಕ್ಕರೆಯ ತಟ್ಟೆಯನ್ನು ಅತ್ತೆ ಗಂಡಿನ ಅಜ್ಜಿಯ ಮುಂದಿಟ್ಟರು. ಮುದುಕಿ ಚಿಟಿಕೆ ತೆಗೆದುಕೊಂಡು ಬೆರಳಲ್ಲಿ ಉಜ್ಜಿದಳು, ಬೆಳಕಿಗೆ ಹಿಡಿದಳು. ಆಮೇಲೆ ಬಾಯಿಗೆ ಹಾಕಿಕೊಳ್ಳದೆ ತಟ್ಟೆಗೇ ಉದುರಿಸಿ, ಬೆರಳನ್ನು ಸೆರಗಿಗೆ ಒರೆಸಿಕೊಂಡಳು.

"ಇದು ನಿಮ್ಮನೇದಲ್ಲ ಬೀಗ್ತಿ," ಎಂದಳು. "ಹಡಗಿಂದು."

ಮೂಳೆ ಸಕ್ಕರೆಯನ್ನು ಲಿಂಗಪೂಜೆಗೆ ತಂದವರು ಎಂದರೆ ಹೆಣ್ಣು ತರುವುದಿರಲಿ, ಆ ಮನೆಯ ನೀರನ್ನೂ ಮುಟ್ಟುವುದಿಲ್ಲ. ಮಾವ ಎದೆಯ ಮೇಲಿನ ಲಿಂಗಕ್ಕೆ ಕೈಯಿಟ್ಟು, ನಮ್ಮ ಮನೆಯದೇ ಎಂದು ಆಣೆ ಮಾಡಲು ಹೊರಟರು. ಮುದುಕಿ ತಡೆದಳು.

"ಆಣೆ ಎಲ್ಲಾರೂ ಇಡ್ತಾರೆ. ಇಷ್ಟ್ ಬೆಳ್ಳಗೆ ಹೆಂಗಾಯ್ತು, ಅದ್ ಹೇಳಿ."

ಹೇಳಿದರೆ ಗುಟ್ಟು ಹೋಯಿತು, ಹೇಳದಿದ್ದರೆ ಹುಡುಗಿಯ ಬಾಳು ಹೋಯಿತು. ಇದು ನನ್ನ ಕೆಲಸ, ನಾನು ಎದ್ದು ಹೇಳಬೇಕಾಗಿತ್ತು. ಆದರೆ ಹುಟ್ಟಿದಾಗಿನಿಂದ ಒಂದು ಕಡೆ ಕೂರದ ನಾನು ಅವತ್ತು ಕಲ್ಲಿನ ಹಾಗೆ ಕೂತುಬಿಟ್ಟೆ. ಹೆದರಿದ್ದೆ, ಬೇರೇನಿಲ್ಲ.

ಅತ್ತೆಯೇ ಸೆರಗು ಸರಿಮಾಡಿಕೊಂಡು ಮೊದಲಿನಿಂದ ಹೇಳಿದರು. ಪಾಕ ಯಾವಾಗ ಇಳಿಸಬೇಕು, ಮಡಕೆಯಲ್ಲಿ ಎಷ್ಟು ದಿನ ಬಿಡಬೇಕು, ಕುಕ್ಕೆಗೆ ಹೇಗೆ ತುಂಬಬೇಕು, ಒಂದನ್ನೂ ಬಿಡದೆ ಹೇಳಿದರು. ಪಾಚಿಯ ಮಾತು ಬಂದಾಗ ಹಿಂದಿನಿಂದ ಯಾರೋ ಕಿಸಕ್ಕೆಂದರು. ಅತ್ತೆ ನಿಲ್ಲಿಸಲಿಲ್ಲ.

"ಕೆರೆ ಪಾಚೀನೇ. ಬ್ಯಾರೆ ಏನೂ ಇಲ್ಲ. ಈ ಸಲ ನಾನೇ ಎಲ್ಡ್ ಸಲ ಹಾಕ್ದೆ, ಮಗಳ ಒಪ್ಪಿಗೆಗೆ ಅಂತ."

ನಾನೇ ಎಂದರು. ನನ್ನ ಕಡೆ ನೋಡಲೂ ಇಲ್ಲ. ಮುದುಕಿ, ನೀರಲ್ಲಿ ಬೆಳೆದದ್ದಕ್ಕೆ ಮೈಲಿಗೆ ಎಲ್ಲಿಯದು ಎಂದು, ಮತ್ತೊಂದು ಚಿಟಿಕೆ ತೆಗೆದು ಬಾಯಿಗೆ ಹಾಕಿಕೊಂಡಳು. ಮಾತು ಗಟ್ಟಿಯಾಯಿತು.

ಮದುವೆಯಾಯಿತು. ಆದರೆ ಅತ್ತೆಯ ಜೀವಕ್ಕೆ ನೆಮ್ಮದಿ ಇಲ್ಲದಾಯಿತು. ಕುದೂರಿನಲ್ಲೂ ಕೆರೆಯಿದೆ, ಕಬ್ಬಿದೆ. ಮುಂದಿನ ಸುಗ್ಗಿಗೆ ಊರೂರಲ್ಲಿ ನಮ್ಮ ಸಕ್ಕರೆ ಮಾಡುತ್ತಾರೆ ಎಂದು ಕೂತಲ್ಲಿ ಕೂರುತ್ತಿರಲಿಲ್ಲ. ನನ್ನ ಕೈಯ ರೋಗ ಅವರಿಗೂ ಅಂಟಿತು. ಮಗಳು ತವರಿಗೆ ಬಂದಾಗಲೆಲ್ಲ, ನೀರು ಕುಡಿಯಲೂ ಬಿಡದೆ, ಅಲ್ಲಿ ಯಾರಾದರೂ ಪಾಚಿ ಹಾಕಿದರಾ ಎಂದು ಕೇಳುತ್ತಿದ್ದರು. ಅವಳು ಇಲ್ಲ ಅನ್ನುತ್ತಿದ್ದಳು. ಮೊದಮೊದಲು ಅದನ್ನು ಕೇಳಿ ಅತ್ತೆ ಉಸಿರು ಬಿಡುತ್ತಿದ್ದರು. ಬರಬರುತ್ತಾ, ಇಲ್ಲ ಅಂದರೆ ಅವರ ಮುಖ ಸಣ್ಣದಾಗತೊಡಗಿತು.

ನಾದಿನಿಯ ಎರಡನೇ ಮಗುವಿನ ನಾಮಕರಣಕ್ಕೆ ಅತ್ತೆ, ನಾನು ಕುದೂರಿಗೆ ಹೋದೆವು. ಅದೇ ಪಡಸಾಲೆ, ಅದೇ ಮುದುಕಿ. ನಮ್ಮ ಮುಂದೆ ಸಕ್ಕರೆಯ ತಟ್ಟೆ ಇಟ್ಟಳು. ಹಡಗಿನದು, ಹರಳು ಹರಳಾಗಿ ಮಿನುಗುತ್ತಿತ್ತು. ನಾವು ನೋಡುವುದನ್ನು ಕಂಡು, ಈಗ ಎಲ್ಲರ ಮನೆಯಲ್ಲೂ ಇದೇ, ಮೂಳೆಯ ಮಾತು ಯಾರೂ ಆಡುವುದಿಲ್ಲ ಎಂದು ನಕ್ಕಳು. ಅತ್ತೆ ಒಂದು ಚಿಟಿಕೆ ತೆಗೆದುಕೊಂಡು ಬಾಯಿಗೆ ಹಾಕಿಕೊಂಡರು, ಚೆನ್ನಾಗಿದೆ ಎಂದರು.

ಗಾಡಿ ಮಾಗಡಿ ದಾಟಿತು. ಸಾವನದುರ್ಗ ಪಕ್ಕಕ್ಕೆ ಬಂದಾಗ ನಾನು ತಡೆಯಲಾರದೆ, ಅವತ್ತು ಹೇಳಬೇಕಾದವಳು ನಾನು, ತಪ್ಪು ನನ್ನದು ಎಂದೆ. ಅತ್ತೆಗೆ ಅದು ಬೇಕಾಗಿರಲಿಲ್ಲ. ಬೆಟ್ಟದ ಕಡೆ ನೋಡುತ್ತಲೇ ಅಂದರು:

"ಅಷ್ಟ್ ಜನರ್ ಮುಂದೆ ಬಾಯ್ಬುಟ್ಟು ಹೇಳ್ದೆ. ಒಬ್ರಾದ್ರೂ ಕದೀಬೋದಾಗಿತ್ತು ಕಣವ್ವ."

ಮುಂದಿನ ಸುಗ್ಗಿಗೆ ಕೆರೆಯಿಂದ ಪಾಚಿ ತರುವಾಗ ನಾನು ಮಂಕರಿಯ ಮೇಲೆ ಹುಲ್ಲು ಮುಚ್ಚಲಿಲ್ಲ. ಹಗಲು ಹೊತ್ತಿನಲ್ಲೇ, ಪೇಟೆಯ ಬೀದಿಯಲ್ಲೇ ಹೊತ್ತು ಬಂದೆ. ಸಿಕ್ಕವರು ಒಬ್ಬರೂ ಅದೇನು ಎಂದು ಕೇಳಲಿಲ್ಲ.